ಉಭಯಪಕ್ಷದ ಕಣ್ಣೀರು

ಒಬ್ಬ ಶಿಲ್ಪಿಯ ಕೃತಿಯನ್ನು ಮತ್ತೊಬ್ಬ ಶಿಲ್ಪಿಯು ಮನಸಾರೆ ಹೊಗಳಿದಾಗ ಅದನ್ನು ನೋಡದೆ ಬಿಡುವುದು ಸಹೃದಯರಿಗೆ ತಕ್ಕುದಲ್ಲ. 1988ರಲ್ಲಿ ‘ಸಲಾಮ್ ಬಾಂಬೆ’ ಚಿತ್ರವನ್ನು ನಿರ್ಮಿಸಿದ ಶ್ರೀಮತಿ ಮೀರಾ ನಾಯರ್ ಅವರು ‘ದಿ ಬ್ಯಾಟಲ್ ಆಫ್ ಆಲ್ಜಿಯರ್ಸ್’ ಎಂಬ ಚಲಚ್ಚಿತ್ರವನ್ನು ಬಹುವಾಗಿ ಮೆಚ್ಚಿದವರೆಂದು ತಿಳಿದು, ನಾವೂ ಅದನ್ನು ಮನೆಮಂದಿಯೊಡನೆ ನೋಡಿದೆವು.

ಇಟಲಿಯ ಗಿಲ್ಲೊ ಪೊಂಟೆಕೊರ್ವೊ 1966ರಲ್ಲಿ ರಚಿಸಿದ ಚಿತ್ರವಿದು. ಫ್ರೆಂಚರ ಆಳ್ವಿಕೆಯ ವಿರುದ್ಧ ಆಲ್ಜಿಯರ್ಸ್ ನಗರದಲ್ಲಿ ನಡೆದ ಹೋರಾಟವೇ ಕಥಾವಸ್ತು. ಪಾತ್ರಧಾರಿಗಳಲ್ಲಿ ಬಹುಮಂದಿ ನಟರೇ ಅಲ್ಲ. ಹೋರಾಟದ ಮುಂದಾಳುಗಳಲ್ಲೊಬ್ಬನಾದ ಯಾಸೆಫ್ ಸಾದಿಯು ತನ್ನನ್ನೇ ಹೋಲುವ ಪಾತ್ರವನ್ನು ವಹಿಸಿರುವನು. ವಾರ್ತಾಚಿತ್ರದ ಒಂದು ತುಣುಕನ್ನೂ ಬಳಸದಿದ್ದರೂ ಎಲ್ಲವೂ ಕಣ್ಣೆದುರಿಗೆ ನಡೆದಂತೆಯೇ ತೋರುವುದು. ಮುಂಬಯಿಯ ಬೀದಿಯ ಬಾಲಕರಿಂದಲೇ ಅಭಿನಯ ಮಾಡಿಸಿದ ಮೀರಾ ಅವರಿಗೆ ಈ ಮಾರ್ಗವು ಪ್ರಿಯವಾದುದರಲ್ಲಿ ಆಶ್ಚರ್ಯವೇನು?

ಆದರೆ ನಮ್ಮ ಮನಸ್ಸನ್ನು ಕಲಕಿದ್ದು ಬೇರೊಂದು. ಮೂವರು ಸ್ತ್ರೀಯರು ಫ್ರೆಂಚರ ಬಡಾವಣೆಯಲ್ಲಿ ಬಾಂಬುಗಳನ್ನಿಡಲು ಹೋಗುವರು. ಅವು ಸಿಡಿಯುವ ಮುನ್ನ ಕವಿಯು ಅಲ್ಲಿ ಕುಳಿತವರ ಮುಖಗಳನ್ನು ಒಂದೊಂದಾಗಿ ತೋರಿಸುವನು. ಪುಟ್ಟ ಮಗುವೊಂದು ಐಸ್‌ಕ್ರೀಮ್ ಚೀಪುತ್ತಿರುವುದು. ನಮ್ಮ ಮನೆಯವರು ಮುಖ ತಿರುಗಿಸಿದರು. ಮಗಳು ಕೇಳಿದಳು: “ಅಪ್ಪಾ, ಈಗ ನೀವು ಯಾರ ಪಕ್ಷ?”

ಸ್ವಾತಂತ್ರ್ಯದ ಚರಿತ್ರೆಯನ್ನು ಬಹುಕಾಲ ಪಾಠ ಹೇಳಿದ ನಮಗೂ ಥಟ್ಟನೆ ಉತ್ತರ ಹೊಳೆಯಲಿಲ್ಲ. ಆಗ ನೆನಪಾದದ್ದು ಮಹಾಭಾರತದ ಸ್ತ್ರೀಪರ್ವ. ಗಾಂಧಾರಿಯು ತನ್ನ ನೂರು ಮಕ್ಕಳಿಗಾಗಿ ಮಾತ್ರವಲ್ಲ, ಶತ್ರುಪಕ್ಷದ ಅಭಿಮನ್ಯುವಿಗಾಗಿಯೂ ಮರುಗುವಳು. ಆದರೂ ಧರ್ಮವು ಯಾವ ಕಡೆಗಿತ್ತೆಂಬ ವಿಷಯದಲ್ಲಿ ವ್ಯಾಸರಿಗೆ ಸಂದೇಹವಿಲ್ಲ. ಈ ಚಿತ್ರದ ನೀತಿಯೂ ಅಂತಹುದೇ. ಸೈನಿಕರು ಕೊಡುವ ಚಿತ್ರಹಿಂಸೆಯನ್ನು ಅದು ಮರೆಮಾಚದು. ಆಲ್ಜೀರಿಯವು ಬಿಡುಗಡೆ ಹೊಂದಬೇಕೆಂಬುದರಲ್ಲಿ ಅದಕ್ಕೆ ಶಂಕೆಯಿಲ್ಲ. ಆದರೂ ಉಭಯಪಕ್ಷದ ಮೃತರಿಗೂ ಒಂದೇ ಶೋಕಗೀತವನ್ನು ನುಡಿಸುವುದು.

“ಮಗೂ, ಬಿಡುಗಡೆ ಬಯಸಿದವರ ಪಕ್ಷವೇ ನಮ್ಮದು. ಆದರೆ ಆ ಕೂಸಿಗಾಗಿ ಅಳಲು ಪಕ್ಷ ಬಿಡಬೇಕಾಗಿಲ್ಲ” ಎಂದೆವು. ತೀರ್ಪು ಬೇರೆ, ಕರುಣೆ ಬೇರೆ. ಒಂದಿದ್ದಲ್ಲಿ ಮತ್ತೊಂದು ಇರಬಾರದೆಂಬ ನಿಯಮವಿಲ್ಲ.

1962ರಲ್ಲಿ ಆಲ್ಜೀರಿಯವು ಸ್ವತಂತ್ರವಾಯಿತು. ಫ್ರಾನ್ಸಿನಲ್ಲಿ ಈ ಚಿತ್ರವು ಕೆಲವು ವರ್ಷಗಳವರೆಗೆ ಪ್ರದರ್ಶನವನ್ನೇ ಕಾಣಲಿಲ್ಲ. ಸತ್ಯವನ್ನು ನೋಡಲು ಗೆದ್ದವರಿಗೂ ಸೋತವರಿಗೂ ಧೈರ್ಯ ಬೇಕು. ವಾಚಕ ಮಹಾಶಯರು ಎಳೆಯ ಮಕ್ಕಳನ್ನು ದೂರವಿರಿಸಿ, ಬೆಳೆದ ಮಕ್ಕಳೊಡನೆ ಕುಳಿತು ಇದನ್ನೊಮ್ಮೆ ನೋಡಲಿ. ನೋಡಿದ ಮೇಲೆ ಅವರು ಕೇಳುವ ಪ್ರಶ್ನೆಗೆ ಅವಸರವಿಲ್ಲದೆ ಉತ್ತರ ಕೊಡಲಿ.