ಗೋಡೆಗೆ ಮರದ ಹೊದಿಕೆ

ಗೋಡೆಗೆ ಮರ ಹೊದಿಸುವ ರೂಢಿ ಈಗ ನಮ್ಮ ಊರುಗಳಲ್ಲಿಯೂ ಹಬ್ಬಿದೆ. ಹೆಚ್ಚಿನವರು ಅದನ್ನು ಅಂದಕ್ಕಾಗಿ ಮಾಡಿಸುತ್ತಾರೆ. ನಾವು ಮಾಡಿಸಿದ್ದು ತಂದೆಯವರ ಬೆನ್ನಿಗಾಗಿ. 86 ದಾಟಿದ ಅವರು ಹಗಲೆಲ್ಲ ಮಂಚದ ಮೇಲೆ ಗೋಡೆಗೊರಗಿ ಕುಳಿತಿರುತ್ತಾರೆ. ಧಾರವಾಡದ ಮಳೆಗಾಲದಲ್ಲಿ ಆ ಗೋಡೆ ತಣ್ಣಗೆ ಕೊರೆಯುತ್ತದೆ, ಸುಣ್ಣ ಅಂಗಿಗೆ ಹತ್ತುತ್ತದೆ. ಮೊಳೆ ಹೊಡೆದರೆ ಹಳೆಯ ಗಿಲಾವು ಉದುರೀತೆಂದು, ತೇಗದ ಮೇಲ್ಪದರುಳ್ಳ ತೆಳು ಪ್ಲೈವುಡ್ಡನ್ನು ಎರಡು ಗೋಡೆಗಳಿಗೆ ಅಂಟಿಸಲು ನಿಶ್ಚಯಿಸಿದೆವು.

ಬಡಗಿ ಯಜಮಾನರು ಗೋಡೆಯನ್ನು ಒರೆಸಿ, ಬಿಳುಪಾದ ತಮ್ಮ ಅಂಗೈ ತೋರಿಸಿದರು. "ಅಂಟು ಸುಣ್ಣಾನ ಹಿಡೀತದರಿ, ಸುಣ್ಣ ಗೋಡೀನ ಹಿಡೀಬೇಕಲ್ಲ?" ಎಂದರು. ಕೆರೆಯತೊಡಗಿದಂತೆ ನೀಲಿ ಬೆರೆಸಿದ ಬಿಳುಪಿನಡಿ ತಿಳಿಹಳದಿ ಕಂಡಿತು. "ಇದು ನಿಮ್ಮಕ್ಕನ ಮದಿವಿ ಬಣ್ಣ" ಎಂದು ತಂದೆಯವರು ಬಾಗಿಲಲ್ಲಿ ಕುಳಿತೇ ಗುರುತಿಸಿದರು. ಅದನ್ನೂ ಕೆರೆಯಲೇಬೇಕಾಯಿತು.

ಬಳಿಕ ಯಜಮಾನರು ಎರಡೂ ಗೋಡೆಗಳಿಗೆ ಪ್ಲಾಸ್ಟಿಕ್ ಹಾಳೆಯ ತುಂಡುಗಳನ್ನಿಟ್ಟು, ನಾಲ್ಕು ಅಂಚುಗಳಿಗೂ ಟೇಪು ಹಚ್ಚಿ ಹೋದರು. ಖರ್ಚಿಲ್ಲದ ಈ ಪರೀಕ್ಷೆಯನ್ನು ನಮ್ಮ ತಾಯಂದಿರೂ ಮಾಡಿ ನೋಡಬಹುದು. ಮರುದಿನ ಒಳಗೋಡೆಯ ಹಾಳೆ ಒಣಗಿತ್ತು. ಪಡುವಣ ಗೋಡೆಯ ಹಾಳೆಯ ಒಳಮೈಯಲ್ಲಿ ಹನಿಗಳಿದ್ದವು. ಕಲೆಯಾದರೂ ಮುಚ್ಚಲಿ ಎಂದು ತಮ್ಮ ಹಟ ಹಿಡಿದ. ಯಜಮಾನರು ಒಪ್ಪಲಿಲ್ಲ, ನನಗೂ ಅದೇ ಸರಿಯೆನಿಸಿತು. ಹಸಿ ಗೋಡೆಯ ಮೇಲೆ ಹೊದಿಕೆ ಹಾಕಿದರೆ ಹಿಂದೆ ಬೂಷ್ಟು ಬೆಳೆಯುತ್ತದೆ, ಗೆದ್ದಲಿಗೆ ಮನೆಯಾಗುತ್ತದೆ. ಹಾಗೆ ಬೂಷ್ಟು ಹಿಡಿದ ಕೋಣೆಯಲ್ಲಿ ಉಸಿರಾಡಬೇಕಾದವರು ಉಬ್ಬಸವಿರುವ ತಂದೆಯವರು.

ಒಳಗೋಡೆಯೊಂದಕ್ಕೇ ಕೆಲಸ ನಡೆಯಿತು. ಬಿಳಿಯ ಫೆವಿಕಾಲ್ ಒಣಗುವವರೆಗೆ ಮರವನ್ನು ಬಿಗಿಯಾಗಿ ಒತ್ತಿ ಹಿಡಿದಿರಬೇಕು. ಅಗಲವಾದ ಗೋಡೆಯಲ್ಲಿ ಅದು ಕಷ್ಟ. ಆದ್ದರಿಂದ ರಬ್ಬರಿನ ಅಂಟನ್ನು ಹಲಗೆಗೂ ಗೋಡೆಗೂ ಸವರಿ, ಬೆರಳಿಗೆ ಹತ್ತದಷ್ಟು ಆರುವವರೆಗೆ ಕಾದರು. ಇದು ಒಮ್ಮೆ ಕೂಡಿತೆಂದರೆ ಕೂದಲೆಳೆಯಷ್ಟೂ ಸರಿಸಲಾಗದು. ಅದಕ್ಕೇ ಮೊದಲೇ ಗೆರೆ ಎಳೆದು, ಕೆಳಗೆ ಪಟ್ಟಿಯ ಆಸರೆ ಕೊಟ್ಟಿದ್ದರು. ಅಂಟಿನ ಆವಿಗೆ ಬೆಂಕಿ ಬೇಗ ಹತ್ತುತ್ತದೆ. ಕಿಟಕಿ ತೆರೆದು, ದೀಪ ಆರಿಸಿ, ತಂದೆಯವರನ್ನು ಎರಡು ದಿನ ಪಡಸಾಲೆಗೆ ಕಳಿಸಿದ್ದೆವು.

ಮರಳಿ ಬಂದ ಅವರು ಹಲಗೆಯನ್ನು ಬೆರಳಿನಿಂದ ತಟ್ಟಿ, "ಇದು ಸಾಗವಾನಿ ಅಲ್ಲೋ, ಸಾಗವಾನಿ ಅಂಗಿ" ಎಂದು ನಕ್ಕರು.

ಪಡುವಣ ಗೋಡೆಯ ಹೊರಗೆ ಪಾಯಕ್ಕಿಂತ ಮೇಲೇರಿದ್ದ ಮಣ್ಣನ್ನು ಈಗ ತೆಗೆಸಿದ್ದೇವೆ. ಬೇಸಿಗೆ ಕಳೆಯಲಿ, ಹಾಳೆಯನ್ನು ಮತ್ತೆ ಅಂಟಿಸಿ ನೋಡೋಣ ಎಂದಿದ್ದಾರೆ ಯಜಮಾನರು.