ಬೆಳ್ಳಿತೆರೆಯೂ ಬಾಳಿನ ಗುರಿಯೂ

ಮನುಷ್ಯನಾಗಿ ಹುಟ್ಟಿದ ಮೇಲೆ ಏನನ್ನಾದರೂ ಸಾಧಿಸಬೇಕೆಂಬ ಮಾತನ್ನು ನಮ್ಮ ಹಿರಿಯರು ಪುರಾಣವನ್ನು ಕೇಳಿ ಕಲಿತರು; ಹರಿಕಥೆಯನ್ನು ಕೇಳಿ ಕಲಿತರು; ಊರಹಬ್ಬದ ರಾತ್ರಿ ಬೆಳಗಾಗುವ ತನಕ ನಾಟಕವನ್ನು ನೋಡಿ ಕಲಿತರು. ಈಗ ಆ ಕೆಲಸದ ಬಹುಭಾಗವನ್ನು ಸಿನಿಮಾ ವಹಿಸಿಕೊಂಡಿದೆ. ಬಡವರ ಮನೆಯ ಹುಡುಗನೊಬ್ಬನು ಸಂಗೀತಗಾರನಾಗಬೇಕೆಂದೋ, ಊರನ್ನು ಉದ್ಧರಿಸಬೇಕೆಂದೋ ಹಟ ತೊಡುತ್ತಾನೆ. ಹತ್ತು ಜನ ನಗುತ್ತಾರೆ. ಕಷ್ಟಗಳು ಸಾಲಾಗಿ ಬರುತ್ತವೆ. ಕೊನೆಗೆ ನಕ್ಕವರೇ ಕೈ ಮುಗಿಯುತ್ತಾರೆ. ಇಂತಹ ಚಿತ್ರವನ್ನು ನೋಡಿ ಎದ್ದ ಹುಡುಗನ ಕಣ್ಣಿನಲ್ಲಿ ಒಂದು ಬೆಳಕಿರುತ್ತದೆ. ಅದನ್ನು ಕಂಡು ತಾಯಿಗೆ ಸಂತೋಷ. ತಂದೆಗೆ ಸ್ವಲ್ಪ ಭಯ. ಎರಡೂ ನ್ಯಾಯವಾದುವೇ.

ಈ ಚಿತ್ರಗಳು ಸುಳ್ಳು ಹೇಳಿ ಎಳೆಯರ ತಲೆ ಕೆಡಿಸುತ್ತವೆಂದು ದೂರುವವರುಂಟು. ನಮ್ಮ ಅಭಿಪ್ರಾಯ ಹಾಗಲ್ಲ. ಅವು ಹೇಳುವುದು ನಿಜವೇ. ಆದರೆ ಕಾಲವನ್ನು ಕತ್ತರಿಸಿ ಹೇಳುತ್ತವೆ. ಇಪ್ಪತ್ತು ವರ್ಷದ ದುಡಿಮೆ ಮೂರು ಗಂಟೆಯೊಳಗೆ ಅಡಗಬೇಕಾದರೆ ಏನನ್ನಾದರೂ ಬಿಡಲೇ ಬೇಕು. ಬಿಟ್ಟುಹೋಗುವುದು ಸಾಮಾನ್ಯವಾಗಿ ಎರಡು: ದಿನದಿನದ ಬೇಸರದ ಅಭ್ಯಾಸ ಒಂದು, ಆ ಸಾಧಕನ ಬೆನ್ನ ಹಿಂದೆ ನಿಂತು ಭಾರ ಹೊತ್ತವರ ಬಾಳು ಇನ್ನೊಂದು. ಇವೆರಡನ್ನೂ ನೋಡುವವನು ತನ್ನ ಮನಸ್ಸಿನಲ್ಲಿ ತುಂಬಿಕೊಂಡರೆ ಚಿತ್ರದಿಂದ ಲಾಭವುಂಟು. ಇಲ್ಲವಾದರೆ ಆ ಬೆಳಕು ಮರುದಿನದ ಮಧ್ಯಾಹ್ನದವರೆಗೂ ನಿಲ್ಲುವುದಿಲ್ಲ.

ಇದಕ್ಕೆ ನಿದರ್ಶನವನ್ನು ಹುಡುಕಿ ನಾವು ದೂರ ಹೋಗಬೇಕಾಗಿಲ್ಲ. ಚಾಮರಾಜನಗರಕ್ಕೆ ದಕ್ಷಿಣದಲ್ಲಿ, ಕಾಡಂಚಿನ ತಾಳವಾಡಿಯ ಸೀಮೆಯಲ್ಲಿ, ಗಾಜನೂರೆಂಬ ಹಳ್ಳಿಯಿದೆ. 1929ನೆಯ ಇಸವಿಯ ಏಪ್ರಿಲ್ 24ರಂದು ಅಲ್ಲಿ ಮುತ್ತುರಾಜನೆಂಬ ಮಗು ಹುಟ್ಟಿತು. ಆಗ ಆ ಊರು ಮದರಾಸು ಆಧಿಪತ್ಯದ ಕೊಯಮತ್ತೂರು ಜಿಲ್ಲೆಗೆ ಸೇರಿದ್ದಿತು. ತಂದೆಯ ಊರಾದ ಕೊಳ್ಳೇಗಾಲದ ಕಡೆಯ ಸಿಂಗಾನಲ್ಲೂರೂ ಅದೇ ಜಿಲ್ಲೆಯದು. 1956ರಲ್ಲಿ ರಾಜ್ಯಗಳ ಪುನರ್ವಿಂಗಡಣೆಯಾದಾಗ ಕೊಳ್ಳೇಗಾಲವು ಮೈಸೂರಿಗೆ ಬಂದಿತು; ಗಾಜನೂರು ಆಚೆಯೇ ಉಳಿಯಿತು; ಇಂದು ತಮಿಳುನಾಡಿನ ಈರೋಡು ಜಿಲ್ಲೆಯಲ್ಲಿದೆ. ಗೆರೆ ಎಲ್ಲಿಯೇ ಬೀಳಲಿ, ಆ ಮಗುವಿನ ಮಾತು ಕನ್ನಡ. ಮುಂದೆ ಕನ್ನಡ ನಾಡೆಲ್ಲವೂ ಅವರನ್ನು ರಾಜಕುಮಾರರೆಂದು ಕರೆಯಿತು.

ಅವರ ಬಾಳನ್ನು ಹೇಳುವವರು ಬಹುಮಟ್ಟಿಗೆ 1954ರ ‘ಬೇಡರ ಕಣ್ಣಪ್ಪ’ದಿಂದ ಮೊದಲು ಮಾಡುತ್ತಾರೆ. ನಿರ್ದೇಶಕರಾದ ಎಚ್. ಎಲ್. ಎನ್. ಸಿಂಹ ಅವರು ಮುತ್ತುರಾಜನಿಗೆ ಹೊಸ ಹೆಸರಿಟ್ಟು ನಾಯಕನನ್ನಾಗಿ ಮಾಡಿದರು. ಇಪ್ಪತ್ತೈದರ ಪ್ರಾಯದಲ್ಲಿ ಕೀರ್ತಿ ಬಂದಿತು. ಕಥೆಗೆ ಇದು ಸೊಗಸಾದ ಆರಂಭವೇ ಸರಿ. ಆದರೆ ಅದಕ್ಕೆ ಹಿಂದಿನ ವರ್ಷಗಳು ಎಲ್ಲಿ ಹೋದುವು? ತಂದೆ ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರು ನಾಟಕದ ಕಂಪೆನಿಯ ನಟರು. ಹುಡುಗನ ಶಾಲೆಯ ಓದು ಚಿಕ್ಕಂದಿನಲ್ಲಿಯೇ ನಿಂತಿತು; ತಂದೆಯ ಹಿಂದೆ ಗುಬ್ಬಿ ವೀರಣ್ಣನವರ ಕಂಪೆನಿಯನ್ನು ಸೇರಿ ಊರೂರು ತಿರುಗಿದುದಾಯಿತು. 1952ರ ‘ಶ್ರೀನಿವಾಸ ಕಲ್ಯಾಣ’ದಲ್ಲಿ ಸಪ್ತರ್ಷಿಗಳಲ್ಲೊಬ್ಬನಾಗಿ ನಿಂತುದೂ ಉಂಟು, ಏಳು ಗಡ್ಡಗಳ ನಡುವೆ ಒಂದು ಗಡ್ಡವನ್ನು ಯಾರು ಗುರುತಿಸುತ್ತಾರೆ? ಮಗನು ನಾಯಕನಾಗಿ ತೆರೆಯ ಮೇಲೆ ಬಂದುದನ್ನು ನೋಡಲು ಪುಟ್ಟಸ್ವಾಮಯ್ಯನವರು ಉಳಿದಿರಲಿಲ್ಲ. ಭಾರ ಹೊತ್ತವನಿಗೆ ಫಲ ಕಾಣಲಿಲ್ಲವೆಂಬ ಈ ಸಂಗತಿ ನಮ್ಮ ಸೀಮೆಯ ಅನೇಕ ಮನೆಗಳ ಕಥೆಯೂ ಹೌದು.

ಇನ್ನೂ ಒಂದು ವಿಷಯ ನಮಗೆ ಬಹಳ ಪ್ರಿಯವಾದುದು. 1966ರಲ್ಲಿ ಅ. ನ. ಕೃಷ್ಣರಾಯರ ಕಾದಂಬರಿಯಿಂದ ‘ಸಂಧ್ಯಾರಾಗ’ ಚಿತ್ರ ಬಂದಿತು. ಸಂಗೀತವನ್ನೇ ಬಾಳಿನ ಗುರಿಯೆಂದು ಹಿಡಿದವನ ಕಥೆ ಅದು. ಆ ಗಾಯಕನ ಪಾತ್ರವನ್ನು ರಾಜಕುಮಾರರು ಧರಿಸಿದರು; ಆದರೆ ಹಾಡಿದವರು ಭೀಮಸೇನ ಜೋಶಿಯವರೂ ಬಾಲಮುರಳೀಕೃಷ್ಣ ಅವರೂ. ತುಟಿ ಒಬ್ಬರದು, ಕಂಠ ಇನ್ನೊಬ್ಬರದು. ಆ ಕಾಲದ ಬೇರೆ ಚಿತ್ರಗಳಲ್ಲಿ ಅವರಿಗೆ ಪಿ. ಬಿ. ಶ್ರೀನಿವಾಸ ಅವರ ಕಂಠವೇ ವಾಡಿಕೆಯಾಗಿದ್ದಿತು. ಕಂಪೆನಿಯಲ್ಲಿ ಹಾಡಿ ಬೆಳೆದ ನಟನಿಗೆ ತನ್ನ ದನಿ ತನ್ನಲ್ಲಿಯೇ ಉಳಿದುದು ಹೇಗನಿಸಿತೋ! 1974ರ ‘ಸಂಪತ್ತಿಗೆ ಸವಾಲ್’ ಚಿತ್ರದಲ್ಲಿ ಅವರೇ ಹಾಡಿದರು. ಅಲ್ಲಿಂದ ಮುಂದೆ ಹಾಡುತ್ತಲೇ ಹೋದರು. 1992ರ ‘ಜೀವನ ಚೈತ್ರ’ದ ಹಾಡಿಗಾಗಿ ಶ್ರೇಷ್ಠ ಹಿನ್ನೆಲೆ ಗಾಯಕರೆಂದು ರಾಷ್ಟ್ರಪ್ರಶಸ್ತಿಯನ್ನು ಪಡೆದರು. ಸಂಗೀತಗಾರನ ವೇಷ ಹಾಕಿದುದಕ್ಕೂ ಸಂಗೀತಕ್ಕೆ ಮನ್ನಣೆ ಬಂದುದಕ್ಕೂ ನಡುವೆ ಇಪ್ಪತ್ತಾರು ವರ್ಷ. ಆ ವೇಳೆಗೆ ಅವರಿಗೆ ಅರವತ್ತು ದಾಟಿದ್ದಿತು. ಈ ಕಥೆಯನ್ನು ಯಾರಾದರೂ ಚಿತ್ರವಾಗಿ ತೆಗೆದರೆ ಆ ಇಪ್ಪತ್ತಾರು ವರ್ಷವನ್ನು ಒಂದು ಹಾಡಿನಲ್ಲಿ ದಾಟಿಸಿಬಿಡುವರೆಂಬುದರಲ್ಲಿ ನಮಗೆ ಸಂದೇಹವಿಲ್ಲ.

ಅವರ ಚಿತ್ರಗಳಲ್ಲಿ ಬಾಳಿನ ಗುರಿಯ ವಿಚಾರವಾಗಿ ಜನರ ಮನಸ್ಸನ್ನು ಬಹಳವಾಗಿ ಹಿಡಿದುದು ಟಿ. ಕೆ. ರಾಮರಾಯರ ಕಾದಂಬರಿಯನ್ನು ಆಧರಿಸಿ ಸಿದ್ಧಲಿಂಗಯ್ಯನವರು ನಿರ್ದೇಶಿಸಿದ, 1972ರ ‘ಬಂಗಾರದ ಮನುಷ್ಯ’. ರಾಜೀವನು ಅಕ್ಕನ ಊರಿಗೆ ಬರುತ್ತಾನೆ. ಭಾವ ತೀರಿಕೊಳ್ಳುತ್ತಾನೆ. ವಿಧವೆಯಾದ ಅಕ್ಕ, ಅವಳ ಮಕ್ಕಳು, ಬರಡು ನೆಲ, ಇಷ್ಟೇ ಅವನ ಪಾಲಿಗೆ ಬಂದುದು. ಅವನು ಕಲ್ಲೊಡೆದು ನೆಲವನ್ನು ಹಸನು ಮಾಡುತ್ತಾನೆ, ಮಕ್ಕಳನ್ನು ಓದಿಸುತ್ತಾನೆ, ಮದುವೆಯಾದ ಹೆಂಡತಿಯನ್ನು ಕಳೆದುಕೊಳ್ಳುತ್ತಾನೆ. ಕೊನೆಗೆ ತಾನು ಬೆಳೆಸಿದ ಹುಡುಗನ ಬಾಯಿಂದಲೇ ಆಡಬಾರದ ಮಾತನ್ನು ಕೇಳಿ, ಎದುರಾಡದೆ, ಮನೆಯನ್ನು ಬಿಟ್ಟು ಹೊರಟುಹೋಗುತ್ತಾನೆ. ಅವನ ಗುರಿಯನ್ನು ಅವನು ಆರಿಸಿಕೊಂಡುದಲ್ಲ. ಅದು ತಾನಾಗಿ ಬಾಗಿಲಿಗೆ ಬಂದು ನಿಂತಿತು. ಅದು ಈಡೇರಿದಾಗ ಕೈಗೆ ಬಂದ ಬಹುಮಾನವೂ ಇಲ್ಲ. ಜನ ಇದನ್ನು ಕಂಡು ಅತ್ತರು; ಮತ್ತೆ ಮತ್ತೆ ಹೋಗಿ ನೋಡಿದರು; ಪಟ್ಟಣ ಬಿಟ್ಟು ಬೇಸಾಯಕ್ಕೆ ಮರಳಿದವರೂ ಉಂಟೆಂದು ಹೇಳುವರು.

ಹಾಗೆ ಮರಳಬೇಕೆಂದ ಒಬ್ಬ ಹುಡುಗನ ವಿಚಾರ ನಮ್ಮ ಬಂಧುಗಳ ಮನೆಯಲ್ಲಿಯೇ ಬಂದಿತು. ಅವರದು ಗುಂಡ್ಲುಪೇಟೆಯ ತಾಲ್ಲೂಕಿನ ಹಳ್ಳಿ. ಊಟಿಯ ದಾರಿಯಲ್ಲಿ ಹೋಗುವವರು ಗಾಡಿ ನಿಲ್ಲಿಸಿ, ಹಳದಿಯ ಚೆಂಡುಹೂವಿನ ಹೊಲದಲ್ಲಿ ನಿಂತು ಚಿತ್ರ ತೆಗೆಸಿಕೊಂಡು ಹೋಗುತ್ತಾರಲ್ಲ, ಆ ಸೀಮೆ. ನೋಡುವವರಿಗೆ ನಂದನವನ, ಬೆಳೆಯುವವರಿಗೆ ಮಳೆಯ ಜೂಜು. ಆ ಮನೆಯವರು ಅರಿಸಿನ ಬೆಳೆದು ಮಾರಿ ಮಗನನ್ನು ಓದಿಸಿದ್ದರು. ಮಗನು ಬೆಂಗಳೂರಿನಲ್ಲಿ ಕೆಲಸದಲ್ಲಿದ್ದು, ತಿಂಗಳು ತಿಂಗಳು ಮನೆಗೆ ಹಣ ಕಳುಹಿಸುತ್ತಿದ್ದನು. ಒಂದು ಹಬ್ಬಕ್ಕೆ ಬಂದವನು, ಮನೆಮಂದಿಯೊಡನೆ ಕುಳಿತು ಆ ಹಳೆಯ ಚಿತ್ರವನ್ನು ನೋಡಿ, ಮರುದಿನ ಬೆಳಗ್ಗೆ, ಕೆಲಸ ಬಿಟ್ಟು ಬಂದು ಹೊಲ ನೋಡಿಕೊಳ್ಳುವೆನೆಂದನು. ಚಿತ್ರವು ನೆಪ ಮಾತ್ರ; ಆಸೆ ಬಹುದಿನದಿಂದ ಇದ್ದಿತು.

ತಂದೆಗೆ ಇದು ಸಿಡಿಲು. ಎರಡು ಕೊಳವೆಬಾವಿ ಬತ್ತಿದ್ದುವು. ಸಾಲ ಪೂರಾ ತೀರಿರಲಿಲ್ಲ. ಹೊಲದಲ್ಲಿರುವ ಗಂಡಿಗೆ ಹೆಣ್ಣು ಕೊಡುವವರಾರೆಂಬ ಚಿಂತೆ ಬೇರೆ. “ನಾನು ಮಣ್ಣು ಹೊತ್ತಿದ್ದು ನೀನು ಹೊರಬಾರದು ಅಂತ” ಎಂದು ಆ ಮನುಷ್ಯನು ಹೇಳಿದಾಗ ದನಿಯಲ್ಲಿ ಕೋಪಕ್ಕಿಂತ ದುಃಖವೇ ಹೆಚ್ಚಾಗಿದ್ದಿತು. ಮಗನೂ ಸುಮ್ಮನಿರಲಿಲ್ಲ. “ಹಾಗಾದ್ರೆ ಅಪ್ಪ, ನೀನು ಮಾಡಿದ್ದು ಮಾಡಬಾರದ ಕೆಲ್ಸವಾ?” ಎಂದನು. ಇದಕ್ಕೆ ಯಾರಲ್ಲಿಯೂ ಉತ್ತರವಿರಲಿಲ್ಲ. ನಮ್ಮನ್ನು ಪಂಚಾಯತಿಗೆಂದು ಕರೆದಿದ್ದರು. ನಾವೂ ಸುಮ್ಮನೆ ಕುಳಿತೆವು.

ಮಾತಾಡಿದವರು ಹುಡುಗನ ಅಜ್ಜಿ. “ಸಿನಿಮಾದಲ್ಲಿ ಹಾಡೊಂದು ಮುಗಿಯೋದ್ರೊಳಗೆ ಬಂಡೆ ನೆಲ ಹೊಲ ಆಗೋಯ್ತು ಕಣಪ್ಪ. ನಿಮ್ಮ ತಾತಂಗೆ ಮೂರು ಬೇಸಿಗೆ ಹಿಡೀತು. ನೀನೂ ಮೂರು ಮಳೆಗಾಲ ನೋಡು, ಆಮೇಲೆ ಹೇಳು” ಎಂದರು. ಅದೇ ತೀರ್ಮಾನವಾಯಿತು. ಹುಡುಗನಿಗೆ ಎರಡು ಎಕರೆ. ಅದರ ಲೆಕ್ಕ ಅವನದೇ. ಹೊಸ ಸಾಲ ಕೂಡದು. ಮೂರು ವರ್ಷದ ಮೇಲೆ ಮತ್ತೆ ಕುಳಿತು ಮಾತು. ಮೊದಲ ವರ್ಷ ಓಣಂ ಹಬ್ಬಕ್ಕೆ ಕೇರಳದ ಕಡೆಗೆ ಹೂವು ಹೋಗಿ ನಾಲ್ಕು ಕಾಸು ಉಳಿಯಿತು. ಎರಡನೆಯ ವರ್ಷ ಬೆಲೆ ಬಿದ್ದು, ಕೊಯ್ದ ಕೂಲಿಯೂ ಹುಟ್ಟದೆ, ಒಂದಷ್ಟು ಹೂವು ಗಿಡದಲ್ಲಿಯೇ ಒಣಗಿತು. ಆಗ ಅವನು ಓಡಿಹೋಗಲಿಲ್ಲ. ಅರ್ಧ ನೆಲಕ್ಕೆ ಜೋಳ ಹಾಕಿದನು. ಈಗ ಮೂರನೆಯ ವರ್ಷ. ತಂದೆ ಮೊದಮೊದಲು ಆ ಎರಡು ಎಕರೆಯ ಬದುವನ್ನು ದಾಟುತ್ತಿರಲಿಲ್ಲ; ಇತ್ತೀಚೆಗೆ ಸಂಜೆಯ ಹೊತ್ತು ಹೋಗಿ ನಿಂತು ಕಳೆ ಕೀಳುತ್ತಾರಂತೆ. ಅವನು ಗೆದ್ದನೆಂದು ನಾವು ಹೇಳಲಾರೆವು. ಆದರೆ ಚಿತ್ರದಲ್ಲಿ ಬಿಟ್ಟುಹೋದ ಭಾಗವನ್ನು ಅವನು ಈಗ ಬಾಳುತ್ತಿದ್ದಾನೆಂದು ಧೈರ್ಯವಾಗಿ ಹೇಳಬಲ್ಲೆವು.

ಗುರಿಯೆಂದರೆ ಇದ್ದ ಕೆಲಸವನ್ನು ಬಿಡುವುದೇ ಎಂದೂ ತಿಳಿಯಬೇಕಾಗಿಲ್ಲ. ಬಿ. ಆರ್. ಪಂತುಲು ಅವರ ‘ಸ್ಕೂಲ್ ಮಾಸ್ಟರ್’ (1958) ಒಬ್ಬ ಉಪಾಧ್ಯಾಯನ ಕಥೆ. ಮುಪ್ಪಿನಲ್ಲಿ ಮಕ್ಕಳು ಕೈ ಬಿಟ್ಟರೂ, ಹಿಂದೆ ಅವರಲ್ಲಿ ಓದಿದ ಶಿಷ್ಯನು ಬಂದು ಕೈ ಹಿಡಿಯುತ್ತಾನೆ. ಮೇಷ್ಟರು ಅದಕ್ಕೆಂದು ಪಾಠ ಹೇಳಿದವರಲ್ಲ. ದೂರದ ಜಪಾನಿನಲ್ಲಿ 1952ರಲ್ಲಿ ಕುರೊಸಾವ ಎಂಬ ನಿರ್ದೇಶಕರು ‘ಇಕಿರು’ ಎಂಬ ಚಿತ್ರವನ್ನು ತೆಗೆದರು; ‘ಬಾಳುವುದು’ ಎಂದು ಅದರ ಅರ್ಥ. ಪುರಸಭೆಯ ಕಚೇರಿಯಲ್ಲಿ ಸುಮಾರು ಮೂವತ್ತು ವರ್ಷ ಕಾಗದಗಳಿಗೆ ಮೊಹರು ಒತ್ತಿದ ಅಧಿಕಾರಿಯೊಬ್ಬನಿಗೆ ಹೊಟ್ಟೆಯ ಹುಣ್ಣು ಅರ್ಬುದವೆಂದು ತಿಳಿಯುತ್ತದೆ. ಉಳಿದ ಕೆಲವು ತಿಂಗಳಲ್ಲಿ ಅವನು ಮಾಡುವುದು ಒಂದೇ ಕೆಲಸ: ಬಡಾವಣೆಯ ಹೆಂಗಸರು ಬಹುಕಾಲದಿಂದ ಬೇಡುತ್ತಿದ್ದಂತೆ ಕೊಳಚೆಯ ಜಾಗದಲ್ಲಿ ಮಕ್ಕಳಿಗೊಂದು ಆಟದ ತೋಟ. ಅದೇ ಕುರ್ಚಿ, ಅದೇ ಮೊಹರು. ಆದರೆ ಈಗ ಕಾಗದಗಳು ಮುಂದಕ್ಕೆ ಹೋಗುತ್ತವೆ. ಅವನು ಸತ್ತ ಮೇಲೆ ಒಂದು ರಾತ್ರಿ ಸಹೋದ್ಯೋಗಿಗಳು ಕುಡಿದು, ಅತ್ತು, ತಾವೂ ಅವನಂತೆಯೇ ದುಡಿಯುವೆವೆಂದು ಆಣೆಯಿಡುತ್ತಾರೆ. ಕಚೇರಿ ತೆರೆದಾಗ ನೋಡಿದರೆ ಅರ್ಜಿಗಳು ಎಂದಿನಂತೆ ಒಂದು ಮೇಜಿನಿಂದ ಇನ್ನೊಂದು ಮೇಜಿಗೆ ಅಲೆಯುತ್ತಿವೆ. ಒಳ್ಳೆಯ ಚಿತ್ರವನ್ನು ನೋಡಿ ಮನೆಗೆ ಬಂದ ನಮ್ಮೆಲ್ಲರ ಪಾಡನ್ನೂ ಆ ನಿರ್ದೇಶಕರು ಮೊದಲೇ ಕಂಡುಕೊಂಡಿದ್ದರೆಂದು ತೋರುತ್ತದೆ.

ಆದುದರಿಂದ ಗೃಹಸ್ಥರಾದ ವಾಚಕರಲ್ಲಿ ನಮ್ಮ ಬಿನ್ನಹವಿಷ್ಟೆ. ಮಕ್ಕಳು ಇಂತಹ ಚಿತ್ರವನ್ನು ನೋಡುವುದನ್ನು ತಡೆಯಬೇಡಿರಿ. ಜೊತೆಯಲ್ಲಿ ಕುಳಿತು ನೋಡಿರಿ. ಮುಗಿದ ಮೇಲೆ, ದೀಪ ಆರಿಸುವ ಮೊದಲು, ಎರಡು ಪ್ರಶ್ನೆಗಳನ್ನು ಕೇಳಿರಿ. ಇವನು ಕಾಣದ ವರ್ಷಗಳಲ್ಲಿ ಪ್ರತಿದಿನವೂ ಏನು ಮಾಡಿರಬೇಕು? ಆ ವರ್ಷಗಳಲ್ಲಿ ಇವನ ಮನೆಯ ಒಲೆಯನ್ನು ಉರಿಸಿದವರಾರು? ಮೊದಲನೆಯದಕ್ಕೆ ಉತ್ತರ ಹೇಳಬಲ್ಲ ಮಗು ನಾಳೆ ಅಭ್ಯಾಸಕ್ಕೆ ಹೆದರುವುದಿಲ್ಲ. ಎರಡನೆಯದನ್ನು ಯೋಚಿಸಿದ ಮಗು, ಮುಂದೆ ಎಲ್ಲಿಗೇ ಹೋಗಲಿ, ಮನೆಯ ಕಡೆಗೆ ತಿರುಗಿ ನೋಡದೆ ಇರುವುದಿಲ್ಲ. ಆ ಮಾತುಕತೆಯಿಂದ ರಾತ್ರಿ ಮಲಗುವುದು ಒಂದಿಷ್ಟು ಹೊತ್ತಾದರೂ ನಷ್ಟವೇನಿಲ್ಲ.