ಮಾಲ್ಗುಡಿ ಅಲ್ಲ, ಅರಸಾಳು

ಶಿವಮೊಗ್ಗದಿಂದ ಸಾಗರದ ಕಡೆ ರೈಲಿನಲ್ಲಿ ಹೋದವರಿಗೆ ಅರಸಾಳು ಗೊತ್ತಿರುತ್ತೆ. ಕುಂಸಿ ಆದಮೇಲೆ, ಆನಂದಪುರಕ್ಕಿಂತ ಮೊದಲು, ಕಾಡಿನ ಮಧ್ಯೆ ಸಿಗುವ ಸಣ್ಣ ಸ್ಟೇಷನ್. ಹೊಸನಗರ ತಾಲ್ಲೂಕಿಗೆ ಸೇರಿದ್ದು. ಗೊತ್ತಿಲ್ಲದವರಿಗೂ "ಮಾಲ್ಗುಡಿ ಡೇಸ್‌ನಲ್ಲಿ ಬರೋ ಸ್ಟೇಷನ್" ಅಂದರೆ ತಕ್ಷಣ ಹೊಳೆಯುತ್ತೆ. 1986ರಲ್ಲಿ ದೂರದರ್ಶನದಲ್ಲಿ ಬಂದ ಆ ಧಾರಾವಾಹಿಯ ಊರನ್ನು ಶಂಕರ್ ನಾಗ್ ಹೆಚ್ಚಾಗಿ ಆಗುಂಬೆಯಲ್ಲಿ ಚಿತ್ರೀಕರಿಸಿದರು. ಆದರೆ ಆಗುಂಬೆಗೆ ರೈಲೇ ಇಲ್ವಲ್ಲ! ಹಾಗಾಗಿ ಸ್ಟೇಷನ್ ಪಾತ್ರ ಅರಸಾಳಿಗೆ ಸಿಕ್ಕಿತು.

ನಾನು ಹುಟ್ಟಿದ್ದು ಅದೆಲ್ಲ ಆಗಿ ಎಷ್ಟೋ ವರ್ಷಕ್ಕೆ. ಸ್ವಾಮಿಯನ್ನು ನೋಡಿದ್ದೂ ಯೂಟ್ಯೂಬಿನಲ್ಲೇ. ನನಗೆ ಅರಸಾಳು ಅಂದರೆ ಅಜ್ಜನ ಮನೆಗೆ ಹತ್ತಿರದ ಸ್ಟೇಷನ್, ಅಷ್ಟೇ.

ಬೀರೂರಿನಿಂದ ಶಿವಮೊಗ್ಗಕ್ಕೆ ರೈಲು ಬಂದಿದ್ದು 1899ರಲ್ಲಿ. ಅಲ್ಲಿಂದ ಮುಂದೆ ಕಾಡು. 1930ರ ದಶಕದಲ್ಲಿ ಮೈಸೂರು ಸಂಸ್ಥಾನದ ರೈಲ್ವೆ ಹಂತ ಹಂತವಾಗಿ ಹಳಿ ಹಾಕುತ್ತಾ ಹೋಗಿ, 1940ರ ಹೊತ್ತಿಗೆ ತಾಳಗುಪ್ಪ ಮುಟ್ಟಿತು. ಅಲ್ಲಿಗೆ ಹಳಿ ಮುಗೀತು. ಜೋಗಕ್ಕೆ ಹೋಗುವವರು ಅಲ್ಲಿಳಿದು ಬಸ್ಸು ಹಿಡಿಯಬೇಕು. ಒಟ್ಟು 97 ಕಿಲೋಮೀಟರಿನ ಈ ದಾರಿ ಮೀಟರ್ ಗೇಜ್, ಅಂದರೆ ಎರಡು ಹಳಿಗಳ ನಡುವೆ ಒಂದೇ ಮೀಟರ್ ಅಂತರ. ಕೊನೆಕೊನೆಗೆ ಈ ಹಳಿಯ ಮೇಲೆ ರೈಲ್ ಬಸ್ ಓಡ್ತಿತ್ತು. ಹೆಸರಿಗೆ ರೈಲು, ನೋಡೋಕೆ ಬಸ್ಸು :)

ಅಜ್ಜ ಹೇಳುವ ಅರಸಾಳಿನಲ್ಲಿ ಸ್ವಾಮಿ ಇಲ್ಲ. ಅಲ್ಲಿ ನೇತುಹಾಕಿದ ಹಳಿ ತುಂಡೇ ಗಂಟೆ. ರಟ್ಟಿನ ಟಿಕೆಟ್ಟು. ಸ್ಟೇಷನ್ ಮಾಸ್ತರರು ಡ್ರೈವರ್ ಕೈಗೆ ಕೊಡುತ್ತಿದ್ದ ಟೋಕನ್. ಒಂಟಿ ಹಳಿಯ ದಾರಿಯಲ್ಲಿ ಟೋಕನ್ ಸಿಗದೆ ಗಾಡಿ ಮುಂದಕ್ಕೆ ಹೋಗುವಂತಿಲ್ಲ, ಎದುರಿಂದ ಇನ್ನೊಂದು ಬಂದರೆ ಗತಿಯೇನು? ನಾವು ಪ್ರೋಗ್ರಾಮ್ ಬರೆಯುವಾಗ 'ಲಾಕ್' ಅಂತ ಹಾಕ್ತೀವಲ್ಲ, ಥೇಟ್ ಅದೇ. ನಮಗಿಂತ ಎಷ್ಟೋ ಮೊದಲೇ ಮಾಡಿಟ್ಟಿದ್ದಾರೆ ಪುಣ್ಯಾತ್ಮರು!

ಇನ್ನೊಂದು ವಿಷಯ ಅಜ್ಜ ಪ್ರತಿ ಸಲ ಹೇಳ್ತಾರೆ. ಅಮ್ಮ ಹುಟ್ಟುವ ಹಿಂದಿನ ದಿನ ಜೋರು ಮಳೆ, ರಸ್ತೆ ಬಂದ್. ಅಜ್ಜಿಗೆ ಕಂಬಳಿ ಹೊದಿಸಿ ಎತ್ತಿನ ಗಾಡಿಯಲ್ಲಿ ಸ್ಟೇಷನ್ನಿಗೆ ಕರೆತಂದು, ಬೆಂಚಿನ ಮೇಲೆ ಕೂರಿಸಿಕೊಂಡು ಕಾದರಂತೆ. ರೈಲು ಬಂತು, ಶಿವಮೊಗ್ಗದ ಆಸ್ಪತ್ರೆ ಸಿಕ್ಕಿತು. ಆ ದಿನ ರೈಲು ಬರದೇ ಹೋಗಿದ್ದರೆ ಇದನ್ನು ಬರೆಯೋಕೆ ನಾನೇ ಇರ್ತಿರಲಿಲ್ಲವೇನೋ.

ಆಮೇಲೆ ಬ್ರಾಡ್ ಗೇಜ್ ಕೆಲಸ ಶುರುವಾಯ್ತು. ಹಳೇ ಹಳಿ ಕಿತ್ತರು. 2011ರಲ್ಲಿ ದೊಡ್ಡ ರೈಲು ತಾಳಗುಪ್ಪ ತಲುಪಿತು. ಇದರಿಂದ ಒಳ್ಳೆಯದೇ ಆಯ್ತು, ಬೆಂಗಳೂರಿಂದ ರಾತ್ರಿ ಹತ್ತಿದರೆ ಬೆಳಗ್ಗೆ ಸಾಗರ. ಆದರೆ ಅರಸಾಳಿಗೆ ಹೊಸ ಕಟ್ಟಡ ಬಂದು, ಹಳೇ ಸ್ಟೇಷನ್ ಬಾಗಿಲು ಮುಚ್ಚಿ ಪಾಳು ಬಿತ್ತು. ಅದನ್ನು ಉಳಿಸಿದ್ದು ಮಾಲ್ಗುಡಿಯೇ. ಧಾರಾವಾಹಿಯ ಕಲಾ ನಿರ್ದೇಶಕರಾಗಿದ್ದ ಜಾನ್ ದೇವರಾಜ್ ಅವರ ಕೈಯಲ್ಲೇ ರೈಲ್ವೆಯವರು ದುರಸ್ತಿ ಮಾಡಿಸಿ, 2020ರಲ್ಲಿ ಮಾಲ್ಗುಡಿ ಮ್ಯೂಸಿಯಂ ತೆರೆದರು. ತಮಾಷೆ ನೋಡಿ, 1930ರಲ್ಲಿ ಆರ್.ಕೆ. ನಾರಾಯಣರಿಗೆ ಮಾಲ್ಗುಡಿ ಹೊಳೆದಾಗ ಊರಿಗಿಂತ ಮೊದಲು ಕಂಡದ್ದು ಒಂದು ಪುಟ್ಟ ರೈಲ್ವೆ ಸ್ಟೇಷನ್ನಂತೆ. ಇಲ್ಲದ ಸ್ಟೇಷನ್ನೊಂದು ಇದ್ದ ಸ್ಟೇಷನ್ನನ್ನು ಬದುಕಿಸಿತು!

ಕಳೆದ ಬೇಸಿಗೆಯಲ್ಲಿ ಅಜ್ಜನನ್ನು ಮ್ಯೂಸಿಯಂಗೆ ಕರೆದುಕೊಂಡು ಹೋಗಿದ್ದೆ. ಧಾರಾವಾಹಿಯ ಚಿತ್ರಗಳನ್ನೆಲ್ಲ ತಾಳ್ಮೆಯಿಂದ ನೋಡಿ, "ಇದೆಲ್ಲ ಚಂದ ಇದೆ ಮಾರಾಯ. ನಮ್ಮ ಬೆಂಚು ಎಲ್ಲಿ?" ಅಂದರು. ನನ್ನ ಹತ್ತಿರ ಉತ್ತರ ಇರಲಿಲ್ಲ.

ಕಟ್ಟಡ ಉಳಿಯಿತು, ಸಂತೋಷ. ಅದು ಉಳಿದದ್ದು ಟೀವಿಯಲ್ಲಿ ಬಂತು ಅನ್ನೋ ಕಾರಣಕ್ಕೆ. ಅಲ್ಲಿ ಮಳೆಯಲ್ಲಿ ಕಾದವರು, ಬುತ್ತಿ ಬಿಚ್ಚಿ ಉಂಡವರು, ಮಗಳನ್ನು ಗಂಡನ ಮನೆಗೆ ಕಳಿಸಿ ಕಣ್ಣೊರೆಸಿಕೊಂಡವರು ಯಾವ ಚಿತ್ರದಲ್ಲೂ ಇಲ್ಲ. ಅವರ ಕಥೆ ಇರೋದು ಅಜ್ಜನಂಥವರ ತಲೆಯಲ್ಲಿ ಮಾತ್ರ. ಅಜ್ಜನಿಗೋ ಈಗೀಗ ಮರೆವು. ಹೋದ ತಿಂಗಳು ಅದೇ ಕಥೆ ಹೇಳುವಾಗ ಎತ್ತಿನ ಗಾಡಿ ಬಿಟ್ಟುಹೋಗಿತ್ತು. ಫೋನಿನಲ್ಲಿ ರೆಕಾರ್ಡ್ ಮಾಡಿಕೊಳ್ಳೋಕೆ ಶುರು ಮಾಡಿದ್ದೇನೆ. ಇಲ್ಲಿವರೆಗೆ ನಲವತ್ತು ನಿಮಿಷ ಆಗಿದೆ.

ನಿಮ್ಮೂರಿನಲ್ಲೂ ಇಂಥ ಮುಚ್ಚಿದ ಸ್ಟೇಷನ್ ಇದ್ದರೆ, ಅಲ್ಲಿ ರೈಲು ಹತ್ತಿದವರು ಮನೆಯಲ್ಲಿದ್ದರೆ, ಈ ಭಾನುವಾರ ಕೂತು ಕೇಳಿ. ಎಲ್ಲಾ ಸ್ಟೇಷನ್ನಿಗೂ ಶಂಕರ್ ನಾಗ್ ಬರೋದಿಲ್ಲ.